ಸ್ಟೀಮ್ ಗೇಮ್ ತೆರೆಯುವಾಗ ಫೈಲ್ ವೆರಿಫಿಕೇಶನ್ ತೊಂದರೆ: ಪದೇ ಪದೇ ಕೇಳುವ ಪ್ರಶ್ನೆಗಳು

ಈ ಪುಟ ಮುಖ್ಯವಾಗಿ ವಿಂಡೋಸ್ 10 ಮತ್ತು 11ರಲ್ಲಿ ಸ್ಟೀಮ್ ಮೂಲಕ ಆಡುವವರಿಗೆ. ಬೇರೆ ಲಾಂಚರ್‌ಗಳ (ಗೇಮ್ ಇಳಿಸಿ ತೆರೆಯಲು ಬಳಸುವ ತಂತ್ರಾಂಶಗಳ) ದಾರಿಯೂ ಕೆಳಗಿದೆ. ಮೆನುಗಳ ಹೆಸರನ್ನು ಇಂಗ್ಲಿಷ್ ಕ್ಲೈಂಟ್‌ನಲ್ಲಿ ಕಾಣುವ ಹಾಗೆಯೇ ಕನ್ನಡ ಲಿಪಿಯಲ್ಲಿ ಬರೆದಿದ್ದೇವೆ. ಕಮಾಂಡ್‌ಗಳನ್ನು ಮಾತ್ರ ಇಂಗ್ಲಿಷ್ ಅಕ್ಷರಗಳಲ್ಲೇ ಟೈಪ್ ಮಾಡಬೇಕು.

ವೆರಿಫೈ ಒತ್ತಿದರೆ ಸ್ಟೀಮ್ ಏನು ಮಾಡುತ್ತದೆ?

ಗೇಮ್‌ನ ಪ್ರತಿ ಆವೃತ್ತಿಗೂ ಸ್ಟೀಮ್ ಸರ್ವರ್‌ನಲ್ಲಿ ಮ್ಯಾನಿಫೆಸ್ಟ್ ಎಂಬ ಪಟ್ಟಿ ಇರುತ್ತದೆ. ಯಾವ ಫೈಲ್, ಎಷ್ಟು ಗಾತ್ರ, ಅದರ ಪ್ರತಿ ತುಂಡಿನ ಹ್ಯಾಶ್ (ಆ ತುಂಡಿನ ಡೇಟಾದಿಂದ ಲೆಕ್ಕ ಹಾಕಿದ ಗುರುತಿನ ಅಂಕಿ) ಏನು ಎಂಬುದೆಲ್ಲ ಅದರಲ್ಲಿದೆ. ಒಂದು ತುಂಡು ಹೆಚ್ಚೆಂದರೆ ಸುಮಾರು 1 ಎಂಬಿ. ವೆರಿಫೈ ಒತ್ತಿದಾಗ ಸ್ಟೀಮ್ ನಿಮ್ಮ ಡಿಸ್ಕಿನಲ್ಲಿರುವ ಫೈಲ್‌ಗಳನ್ನು ಓದಿ ಈ ಪಟ್ಟಿಯ ಜೊತೆ ತಾಳೆ ನೋಡುತ್ತದೆ. ಹೊಂದದ ಭಾಗವನ್ನು ಮತ್ತೆ ಡೌನ್‌ಲೋಡ್ ಮಾಡುತ್ತದೆ.

ಪಟ್ಟಿಯಲ್ಲಿ ಇಲ್ಲದ ಫೈಲ್ ಅದರ ಕಣ್ಣಿಗೆ ಬೀಳುವುದೇ ಇಲ್ಲ. ಗೇಮ್ ಫೋಲ್ಡರ್‌ನಲ್ಲಿ ನೀವು ಹಾಕಿದ ಮಾಡ್ (ಗೇಮನ್ನು ಬದಲಿಸಲು ಹೊರಗಿನವರು ಮಾಡಿದ ಫೈಲ್), ರೀಶೇಡ್ ಎಂಬ ಗ್ರಾಫಿಕ್ಸ್ ತಂತ್ರಾಂಶದ ಡಿಎಲ್ಎಲ್ (ಪ್ರೋಗ್ರಾಮ್ ಬಳಸುವ ಸಹಾಯಕ ಫೈಲ್), ಹಳೆಯ ಪ್ಯಾಚ್‌ನ ಅವಶೇಷ ಎಲ್ಲ ಹಾಗೇ ಉಳಿಯುತ್ತವೆ. ಗೇಮ್ ಫೋಲ್ಡರ್‌ನ ಹೊರಗಿರುವ ಗ್ರಾಫಿಕ್ಸ್ ಡ್ರೈವರ್, ವಿಷುವಲ್ ಸಿ++ ರನ್‌ಟೈಮ್, ವಿಂಡೋಸ್ ಫೈಲ್‌ಗಳನ್ನು ಅದು ಮುಟ್ಟುವುದಿಲ್ಲ. "ವೆರಿಫೈ ಮಾಡಿದೆ, ಎಲ್ಲ ಸರಿ ಇದೆ ಅಂತ ಬಂತು, ಆದರೂ ಗೇಮ್ ತೆರೆಯುತ್ತಿಲ್ಲ" ಎನ್ನುವ ದೂರುಗಳಲ್ಲಿ ಬಹುಪಾಲು ಇಲ್ಲಿಂದಲೇ ಹುಟ್ಟುತ್ತವೆ.

ವೆರಿಫೈ ಮಾಡುವ ಸರಿಯಾದ ಕ್ರಮ ಯಾವುದು?

ಗೇಮ್, ಅದರ ಲಾಂಚರ್, ಮಾಡ್ ಮ್ಯಾನೇಜರ್ ಎಲ್ಲ ಮುಚ್ಚಿ. ಹಿನ್ನೆಲೆಯಲ್ಲಿ ಉಳಿದಿದ್ದರೆ ಟಾಸ್ಕ್ ಮ್ಯಾನೇಜರ್‌ನಲ್ಲಿ ಎಂಡ್ ಟಾಸ್ಕ್ ಕೊಡಿ. ಕಂಪ್ಯೂಟರನ್ನು ಒಮ್ಮೆ ರೀಸ್ಟಾರ್ಟ್ ಮಾಡಿ. ಶಟ್‌ಡೌನ್ ಮಾಡಿ ಆನ್ ಮಾಡುವುದು ಬೇರೆ, ಏಕೆಂದರೆ ಫಾಸ್ಟ್ ಸ್ಟಾರ್ಟಪ್ ಚಾಲೂ ಇದ್ದರೆ ಶಟ್‌ಡೌನ್‌ನಲ್ಲಿ ವಿಂಡೋಸ್‌ನ ಕರ್ನೆಲ್ ಪೂರ್ತಿ ಹೊಸದಾಗಿ ಶುರುವಾಗುವುದಿಲ್ಲ. ನಂತರ ಸ್ಟೀಮ್ ಲೈಬ್ರರಿಯಲ್ಲಿ ಗೇಮ್ ಮೇಲೆ ರೈಟ್ ಕ್ಲಿಕ್, ಪ್ರಾಪರ್ಟೀಸ್, ಇನ್‌ಸ್ಟಾಲ್ಡ್ ಫೈಲ್ಸ್, ಅಲ್ಲಿ "ವೆರಿಫೈ ಇಂಟೆಗ್ರಿಟಿ ಆಫ್ ಗೇಮ್ ಫೈಲ್ಸ್". ಮುಗಿಯುವ ತನಕ ಬೇರೆ ಗೇಮ್‌ನ ಡೌನ್‌ಲೋಡ್ ನಿಲ್ಲಿಸಿ.

ಎರಡು ಗೇಮ್‌ಗಳನ್ನು ಒಟ್ಟಿಗೆ ವೆರಿಫೈಗೆ ಹಾಕಬೇಡಿ. ಹಾರ್ಡ್ ಡಿಸ್ಕ್ ಆದರಂತೂ ಎರಡೂ ಕುಂಟುತ್ತವೆ.

ಎಷ್ಟು ಹೊತ್ತು ಹಿಡಿಯಬೇಕು?

ಡಿಸ್ಕ್ ಓದುವ ವೇಗ ಎಷ್ಟೋ ಅಷ್ಟು. 100 ಜಿಬಿ ಗೇಮ್, ಸೆಕೆಂಡಿಗೆ 120 ಎಂಬಿ ಓದುವ ಹಾರ್ಡ್ ಡಿಸ್ಕ್ ಎಂದರೆ ಲೆಕ್ಕಕ್ಕೆ 14 ನಿಮಿಷ. ಸಣ್ಣ ಫೈಲ್‌ಗಳು ಸಾವಿರಾರು ಇದ್ದರೆ ಅದರ ಎರಡರಷ್ಟೂ ಆದೀತು. ಸಾಟಾ ಎಸ್‌ಎಸ್‌ಡಿಯಲ್ಲಿ ನಾಲ್ಕೈದು ನಿಮಿಷ. ಶೇಕಡಾವಾರು ಅಂಕಿ ಒಂದೇ ಕಡೆ ನಿಂತಿದ್ದರೆ ಟಾಸ್ಕ್ ಮ್ಯಾನೇಜರ್‌ನ ಪರ್ಫಾರ್ಮೆನ್ಸ್ ಟ್ಯಾಬಿನಲ್ಲಿ ಡಿಸ್ಕ್ ನೋಡಿ. ಓದುವ ವೇಗ ಚೆನ್ನಾಗಿದ್ದರೆ ಕಾಯಿರಿ. ಆ್ಯಕ್ಟಿವ್ ಟೈಮ್ ಶೇ. 100, ಓದುವ ವೇಗ ಮಾತ್ರ ಸೊನ್ನೆಯ ಹತ್ತಿರ ಅಂತ ಕಂಡರೆ ಡಿಸ್ಕ್ ಸಾಯುತ್ತಿರಬಹುದು. ಡಿಸ್ಕ್ ಬಗ್ಗೆ ಇರುವ ಪ್ರಶ್ನೆಗೆ ಹೋಗಿ.

ಪ್ರತಿ ಸಲವೂ "1 ಫೈಲ್ ಫೇಲ್ಡ್ ಟು ವ್ಯಾಲಿಡೇಟ್" ಅಂತ ಬರುತ್ತದೆ. ಗಾಬರಿಪಡಬೇಕೇ?

ಗೇಮ್ ಸರಿಯಾಗಿ ನಡೆಯುತ್ತಿದ್ದರೆ ಬೇಡ. ಕೆಲವು ಗೇಮ್‌ಗಳು ತಮ್ಮ ಸೆಟ್ಟಿಂಗ್ ಫೈಲನ್ನು ಇನ್‌ಸ್ಟಾಲ್ ಫೋಲ್ಡರ್‌ನಲ್ಲೇ ಇಟ್ಟು, ತೆರೆದಾಗಲೆಲ್ಲ ಅದರ ಮೇಲೆ ಬರೆಯುತ್ತವೆ. ಸ್ಟೀಮ್‌ಗೆ ಅದು ಬದಲಾದ ಫೈಲ್ ಆಗಿ ಕಾಣುತ್ತದೆ. ಹೀಗೆ ಒಂದೆರಡು ಫೈಲ್ ಯಾವಾಗಲೂ ಫೇಲ್ ಆಗುವುದು ಸಹಜ ಎಂದು ಸ್ಟೀಮ್ ಸಪೋರ್ಟ್ ಕೂಡ ಹೇಳುತ್ತದೆ.

ಹಾಗಾದರೆ ಯಾವಾಗ ಚಿಂತಿಸಬೇಕು?

ಎಷ್ಟು ಫೈಲ್ ಫೇಲ್ ಆದವು ಎನ್ನುವುದಕ್ಕಿಂತ, ಪ್ರತಿ ಸಲ ಅವೇ ಫೈಲ್‌ಗಳೋ ಬೇರೆ ಬೇರೆಯೋ ಎನ್ನುವುದು ಮುಖ್ಯ. ಇದನ್ನು ನೋಡದೆ ಗೇಮನ್ನು ಅಳಿಸಿ ಮತ್ತೆ 100 ಜಿಬಿ ಇಳಿಸಿಕೊಳ್ಳುವುದು ಡೇಟಾ ದಂಡ.

ಗೇಮ್ ತೆರೆಯದೆ, ಒಂದರ ಹಿಂದೆ ಒಂದರಂತೆ ಮೂರು ಸಲ ವೆರಿಫೈ ಮಾಡಿ. ಪ್ರತಿ ಸಲ ಮುಗಿದ ಮೇಲೆ ಪ್ರಾಪರ್ಟೀಸ್‌ನ ಇನ್‌ಸ್ಟಾಲ್ಡ್ ಫೈಲ್ಸ್‌ನಲ್ಲಿ ಬ್ರೌಸ್ ಒತ್ತಿ ಫೋಲ್ಡರ್ ತೆರೆಯಿರಿ, ಬಲ ಮೇಲ್ತುದಿಯ ಹುಡುಕಾಟದ ಪೆಟ್ಟಿಗೆಯಲ್ಲಿ ನಕ್ಷತ್ರದ ಚಿಹ್ನೆ ಹಾಕಿ ಎಲ್ಲ ಫೈಲ್ ತರಿಸಿ, ಡೇಟ್ ಮಾಡಿಫೈಡ್ ಪ್ರಕಾರ ಜೋಡಿಸಿ. ಈಗಷ್ಟೇ ಬರೆಯಲಾದ ಫೈಲ್‌ಗಳು ಮೇಲೆ ಬರುತ್ತವೆ. ಅವೇ ಫೇಲ್ ಆದವು. ಸ್ಟೀಮ್ ಫೋಲ್ಡರ್‌ನ ಲಾಗ್ಸ್ ಒಳಗಿರುವ ಕಂಟೆಂಟ್ ಲಾಗ್ (content_log.txt) ಫೈಲನ್ನೂ ನೋಟ್‌ಪ್ಯಾಡ್‌ನಲ್ಲಿ ತೆರೆದು ಕೊನೆಯ ಸಾಲುಗಳನ್ನು ಓದಬಹುದು.

ಮೊದಲ ಸಲ ಫೇಲ್, ಎರಡನೇ ಸಲದಿಂದ ಪೂರ್ತಿ ಸರಿ: ಹಾಳಾಗಿದ್ದು ಸರಿಯಾಯಿತು, ಆಡಿ. ಒಂದೇ ಎಕ್ಸಿ (ಪ್ರೋಗ್ರಾಮ್ ಓಡಿಸುವ .exe ಫೈಲ್) ಅಥವಾ ಡಿಎಲ್ಎಲ್ ಮತ್ತೆ ಮತ್ತೆ ಮಾಯ: ಆ್ಯಂಟಿವೈರಸ್. ಒಂದೇ ದೊಡ್ಡ ಪಾಕ್ ಫೈಲ್ (ಗೇಮ್‌ನ ಡೇಟಾವನ್ನು ಒಟ್ಟಿಗೆ ಕಟ್ಟಿಟ್ಟ ಫೈಲ್) ಪ್ರತಿ ಸಲ ಹಾಳು: ಡಿಸ್ಕ್ ಮೇಲೆ ಅನುಮಾನ. ಒಮ್ಮೆ 3 ಫೈಲ್, ಮತ್ತೊಮ್ಮೆ 7, ಆಮೇಲೆ 2, ಪ್ರತಿ ಸಲ ಬೇರೆ ಹೆಸರು: ಮೊದಲು ರ‍್ಯಾಮ್ ನೋಡಿ. ಡಿಸ್ಕಿನಲ್ಲಿ ಫೈಲ್ ಸರಿಯಾಗಿಯೇ ಇರುತ್ತದೆ, ಓದಿ ಹ್ಯಾಶ್ ಲೆಕ್ಕ ಹಾಕುವ ಹೊತ್ತಿಗೆ ಮೆಮೊರಿಯಲ್ಲಿ ಒಂದು ಬಿಟ್ ತಿರುಗಿರುತ್ತದೆ, ಅಷ್ಟೇ. ಒಂದೇ ಒಂದು ಬಿಟ್ ಬದಲಾದರೂ ಹ್ಯಾಶ್ ಪೂರ್ತಿ ಬೇರೆಯಾಗುತ್ತದೆ.

ಆ್ಯಂಟಿವೈರಸ್ ನುಂಗಿದ ಫೈಲನ್ನು ವಾಪಸ್ ಪಡೆಯುವುದು ಹೇಗೆ?

ವಿಂಡೋಸ್ ಸೆಕ್ಯುರಿಟಿ, ವೈರಸ್ ಅಂಡ್ ಥ್ರೆಟ್ ಪ್ರೊಟೆಕ್ಷನ್, ಪ್ರೊಟೆಕ್ಷನ್ ಹಿಸ್ಟರಿ. ಗೇಮ್‌ನ ಫೈಲ್ ಅಲ್ಲಿ ಕ್ವಾರಂಟೀನ್ ಆಗಿದ್ದರೆ ರಿಸ್ಟೋರ್ ಕೊಡಿ. ಆಮೇಲೆ ವೈರಸ್ ಅಂಡ್ ಥ್ರೆಟ್ ಪ್ರೊಟೆಕ್ಷನ್ ಪುಟದ ಮ್ಯಾನೇಜ್ ಸೆಟ್ಟಿಂಗ್ಸ್ ಒಳಗೆ ಎಕ್ಸ್‌ಕ್ಲೂಶನ್ಸ್‌ಗೆ ಆ ಒಂದು ಗೇಮ್‌ನ ಫೋಲ್ಡರ್ ಸೇರಿಸಿ ಮತ್ತೆ ವೆರಿಫೈ ಮಾಡಿ. ಸಿ ಡ್ರೈವ್ ಪೂರ್ತಿ ಸೇರಿಸುವ, ಡಿಫೆಂಡರನ್ನೇ ಕಾಯಂ ಆಫ್ ಮಾಡುವ ಸಲಹೆಗಳು ಯೂಟ್ಯೂಬ್‌ನಲ್ಲಿ ಧಾರಾಳ. ಬೇಡ.

ಇದೇ ಸೆಕ್ಯುರಿಟಿ ಪುಟದ ಕೆಳಗೆ ರ‍್ಯಾನ್ಸಮ್‌ವೇರ್ ಪ್ರೊಟೆಕ್ಷನ್ ಇದೆ. ಅದರಲ್ಲಿ ಕಂಟ್ರೋಲ್ಡ್ ಫೋಲ್ಡರ್ ಆ್ಯಕ್ಸೆಸ್ ಆನ್ ಆಗಿದ್ದರೆ, ಡಾಕ್ಯುಮೆಂಟ್ಸ್‌ನಲ್ಲಿ ಸೇವ್ ಅಥವಾ ಸೆಟ್ಟಿಂಗ್ ಬರೆಯಲು ಬಿಡದೆ ಗೇಮನ್ನು ತೆರೆಯುವಾಗಲೇ ಬೀಳಿಸಬಹುದು. ಇಲ್ಲಿ ಫೈಲ್ ಮಾಯವಾಗುವುದಿಲ್ಲ, ಆದ್ದರಿಂದ ವೆರಿಫೈಗೆ ಏನೂ ಸಿಗುವುದಿಲ್ಲ. ಅಲೋ ಆ್ಯನ್ ಆ್ಯಪ್‌ನಲ್ಲಿ ಗೇಮ್‌ನ ಎಕ್ಸಿ ಸೇರಿಸಿದರೆ ಸಾಕು.

ಡಿಸ್ಕ್ ಕೆಟ್ಟಿದೆಯೇ ಎಂದು ತಿಳಿಯುವುದು ಹೇಗೆ?

ಕ್ರಿಸ್ಟಲ್‌ಡಿಸ್ಕ್‌ಇನ್ಫೋ ಎಂಬ ಉಚಿತ ತಂತ್ರಾಂಶ ಹಾಕಿ ಸ್ಮಾರ್ಟ್ (ಡಿಸ್ಕ್ ತನ್ನ ಆರೋಗ್ಯದ ಬಗ್ಗೆ ತಾನೇ ಇಡುವ ದಾಖಲೆ) ಅಂಕಿಗಳನ್ನು ನೋಡಿ. ಹಾರ್ಡ್ ಡಿಸ್ಕ್ ಆದರೆ 05 (ಬದಲಿ ಕೊಟ್ಟ ಸೆಕ್ಟರ್‌ಗಳು), ಸಿ5 (ಓದಲಾಗದೆ ಬಾಕಿ ಉಳಿದ ಸೆಕ್ಟರ್‌ಗಳು), ಸಿ6 (ಸರಿಪಡಿಸಲಾಗದವು) ಈ ಮೂರರ ರಾ ವ್ಯಾಲ್ಯೂ ಸೊನ್ನೆ ಇರಬೇಕು. ಸಿ5 ಏರುತ್ತಿದ್ದರೆ ಗೇಮ್ ವಿಷಯ ಬಿಡಿ, ಮೊದಲು ಫೋಟೋ, ದಾಖಲೆಗಳನ್ನು ಬೇರೆ ಕಡೆ ಕಾಪಿ ಮಾಡಿಕೊಳ್ಳಿ. ಸಿ7 (ಕೇಬಲಿನಲ್ಲಿ ಡೇಟಾ ಸಾಗುವಾಗಿನ ದೋಷಗಳು) ಮಾತ್ರ ಏರುತ್ತಿದ್ದರೆ ಡಿಸ್ಕ್ ಚೆನ್ನಾಗಿಯೇ ಇರಬಹುದು, ಸಾಟಾ ಕೇಬಲ್ ಸಡಿಲ ಅಥವಾ ಹಾಳು. ಕೇಬಲ್ ಬದಲಿಸಿ, ಹಳೆಯ ಅಂಕಿ ಇಳಿಯುವುದಿಲ್ಲ, ಏರುವುದು ನಿಂತರೆ ಗೆದ್ದಂತೆ.

ಫೈಲ್ ಸಿಸ್ಟಮ್ ದೋಷಕ್ಕೆ: ಸ್ಟಾರ್ಟ್‌ನಲ್ಲಿ ಸಿಎಮ್‌ಡಿ ಹುಡುಕಿ ರನ್ ಆ್ಯಸ್ ಅಡ್ಮಿನಿಸ್ಟ್ರೇಟರ್ ಕೊಟ್ಟು, ಚೆಕ್‌ಡಿಸ್ಕ್ ಕಮಾಂಡನ್ನು ಡ್ರೈವ್ ಅಕ್ಷರ ಮತ್ತು ಸ್ಲ್ಯಾಶ್ ಎಫ್ ಜೊತೆ ಹಾಕಿ (ಡಿ ಡ್ರೈವ್ ಆದರೆ chkdsk D: /f). ಸ್ಲ್ಯಾಶ್ ಆರ್ ಸೇರಿಸಿದರೆ ಪ್ರತಿ ಸೆಕ್ಟರನ್ನೂ ಓದುತ್ತದೆ. 1 ಟಿಬಿ ಹಾರ್ಡ್ ಡಿಸ್ಕಿಗೆ ಗಂಟೆಗಟ್ಟಲೆ ಬೇಕು. ಸಿ5 ಈಗಾಗಲೇ ಏರಿರುವ ಡಿಸ್ಕಿನ ಮೇಲೆ ಬ್ಯಾಕಪ್‌ಗೆ ಮೊದಲು ಇದನ್ನು ಓಡಿಸಬೇಡಿ, ಉಳಿದ ಜೀವವೂ ಹೋದೀತು.

ಹೊರಗಿನ ಯುಎಸ್‌ಬಿ ಡಿಸ್ಕಿನಲ್ಲಿ ಲೈಬ್ರರಿ ಇಟ್ಟವರು ಅದರ ಫಾರ್ಮ್ಯಾಟ್ ನೋಡಿ. ಫ್ಯಾಟ್32 ಆದರೆ 4 ಜಿಬಿಗಿಂತ ದೊಡ್ಡ ಫೈಲನ್ನು ಅದು ಹಿಡಿಸಿಕೊಳ್ಳುವುದೇ ಇಲ್ಲ. ಎನ್‌ಟಿಎಫ್‌ಎಸ್ ಮಾಡಿ.

ರ‍್ಯಾಮ್ ಅಥವಾ ಪ್ರೊಸೆಸರ್ ತೊಂದರೆ ಎಂದು ಖಚಿತಪಡಿಸಿಕೊಳ್ಳುವುದು ಹೇಗೆ?

ಮೊದಲು ಬಯೋಸ್‌ಗೆ (ಕಂಪ್ಯೂಟರ್ ಆನ್ ಆಗುವಾಗ ತೆರೆಯುವ ಮದರ್‌ಬೋರ್ಡ್ ಸೆಟ್ಟಿಂಗ್) ಹೋಗಿ ಎಕ್ಸ್‌ಎಂಪಿ ಅಥವಾ ಎಕ್ಸ್‌ಪೋ (ರ‍್ಯಾಮನ್ನು ಹೆಚ್ಚಿನ ವೇಗಕ್ಕೆ ಓಡಿಸುವ ಆಯ್ಕೆ) ಆಫ್ ಮಾಡಿ, ಓವರ್‌ಕ್ಲಾಕ್ ತೆಗೆಯಿರಿ. ಮತ್ತೆ ಮೂರು ಸಲ ವೆರಿಫೈ. ಈಗ ಫೇಲ್ ಆಗದಿದ್ದರೆ ಉತ್ತರ ಸಿಕ್ಕಿತು: ಆ ವೇಗಕ್ಕೆ ರ‍್ಯಾಮ್ ನಿಲ್ಲುತ್ತಿಲ್ಲ. ಒಂದು ಮೆಟ್ಟಿಲು ಕಡಿಮೆ ವೇಗಕ್ಕೆ ಇಟ್ಟು ನೋಡಿ, ಬಯೋಸ್ ಅಪ್‌ಡೇಟ್ ಮಾಡಿ. ಆಫ್ ಮಾಡಿದರೂ ಫೇಲ್ ಆದರೆ ಮೆಮ್‌ಟೆಸ್ಟ್86ನ್ನು ಪೆನ್‌ಡ್ರೈವ್‌ಗೆ ಹಾಕಿ ಅದರಿಂದ ಬೂಟ್ ಮಾಡಿ 4 ಪಾಸ್ ಮುಗಿಸಿ. ರಾತ್ರಿ ಮಲಗುವಾಗ ಹಚ್ಚಿಟ್ಟರೆ ಒಳ್ಳೆಯದು. ಒಂದೇ ಒಂದು ಎರರ್ ಬಂದರೂ ಆ ರ‍್ಯಾಮ್ ಪಾಸ್ ಅಲ್ಲ. ಎರಡು ಸ್ಟಿಕ್ ಇದ್ದರೆ ಒಂದೊಂದನ್ನೇ ಹಾಕಿ ಪರೀಕ್ಷಿಸಿ. ವಿಂಡೋಸ್‌ನದೇ ಮೆಮೊರಿ ಡಯಾಗ್ನಸ್ಟಿಕ್ ಇದೆ, ಆದರೆ ಅದು ಬಿಟ್ಟುಬಿಡುವ ದೋಷಗಳನ್ನು ಮೆಮ್‌ಟೆಸ್ಟ್86 ಹಿಡಿಯುವುದುಂಟು.

ಇಂಟೆಲ್‌ನ 13 ಮತ್ತು 14ನೇ ತಲೆಮಾರಿನ ಡೆಸ್ಕ್‌ಟಾಪ್ ಪ್ರೊಸೆಸರ್, ಅದರಲ್ಲೂ ಐ7, ಐ9ರ ಕೆ ಮಾದರಿ ಇರುವವರಿಗೆ ಪ್ರತ್ಯೇಕ ಮಾತು. ಹೆಚ್ಚಿನ ವೋಲ್ಟೇಜಿನಿಂದ ಈ ಚಿಪ್‌ಗಳು ಕಾಲಕ್ರಮೇಣ ಅಸ್ಥಿರವಾಗುತ್ತವೆ ಎಂದು 2024ರಲ್ಲಿ ಇಂಟೆಲ್ ಒಪ್ಪಿಕೊಂಡಿತು. ಗೇಮ್‌ಗಳಲ್ಲಿ ಇದು ಕಾಣುವುದು ಫೈಲ್ ಹಾಳಾದ ಹಾಗೆಯೇ: ಅನ್‌ರಿಯಲ್ ಎಂಜಿನ್ ಗೇಮ್‌ಗಳು ಶೇಡರ್ (ಗ್ರಾಫಿಕ್ಸ್ ಚಿತ್ರಿಸುವ ಸಣ್ಣ ಪ್ರೋಗ್ರಾಮ್) ಕಂಪೈಲ್ ಆಗುವಾಗ ಬೀಳುತ್ತವೆ, ಊಡಲ್ (ಗೇಮ್ ಡೇಟಾವನ್ನು ಕುಗ್ಗಿಸಿ ಬಿಚ್ಚುವ ತಂತ್ರಾಂಶ) ಡಿಕಂಪ್ರೆಶನ್ ದೋಷ ಬರುತ್ತದೆ, ಗ್ರಾಫಿಕ್ಸ್ ಕಾರ್ಡಿನಲ್ಲಿ ಬೇಕಾದಷ್ಟು ಮೆಮೊರಿ ಇದ್ದರೂ "ಔಟ್ ಆಫ್ ವಿಡಿಯೋ ಮೆಮೊರಿ" ಎನ್ನುತ್ತದೆ. ಫೈಲ್‌ಗಳಿಗೆ ಏನೂ ಆಗಿರುವುದಿಲ್ಲ. 2024ರ ಆಗಸ್ಟ್ ಮತ್ತು ಸೆಪ್ಟೆಂಬರ್‌ನಲ್ಲಿ ಹೊಸ ಮೈಕ್ರೋಕೋಡ್‌ಗಳು (ಪ್ರೊಸೆಸರ್ ಒಳಗಿನ ತಂತ್ರಾಂಶದ ಅಪ್‌ಡೇಟ್) ಬಂದವು; ಮದರ್‌ಬೋರ್ಡ್ ಕಂಪನಿಯ ತಾಣದಿಂದ ಆಮೇಲಿನ ಬಯೋಸ್ ಹಾಕಿ. ಬಯೋಸ್ ಇನ್ನು ಮುಂದಿನ ಹಾನಿ ತಡೆಯುತ್ತದೆಯೇ ಹೊರತು ಆಗಲೇ ಕೆಟ್ಟ ಚಿಪ್ಪನ್ನು ರಿಪೇರಿ ಮಾಡುವುದಿಲ್ಲ. ಬಾಧಿತ ಬಾಕ್ಸ್ (ಬಿಡಿಯಾಗಿ ಪೆಟ್ಟಿಗೆಯಲ್ಲಿ ಮಾರುವ) ಪ್ರೊಸೆಸರ್‌ಗಳಿಗೆ ಇಂಟೆಲ್ ವಾರಂಟಿಯನ್ನು 3ರಿಂದ 5 ವರ್ಷಕ್ಕೆ ಏರಿಸಿದೆ, ಬಿಲ್ ಹುಡುಕಿ ಇಟ್ಟುಕೊಳ್ಳಿ.

"ಕರಪ್ಟ್ ಅಪ್‌ಡೇಟ್ ಫೈಲ್ಸ್", "ಡಿಸ್ಕ್ ರೈಟ್ ಎರರ್", "ಕಂಟೆಂಟ್ ಫೈಲ್ ಲಾಕ್ಡ್" ಇವೆಲ್ಲ ಒಂದೇನಾ?

ಅಲ್ಲ. ಕಂಟೆಂಟ್ ಫೈಲ್ ಲಾಕ್ಡ್ ಎಂದರೆ ಇನ್ನೊಂದು ಪ್ರೋಗ್ರಾಮ್ ಆ ಫೈಲನ್ನು ಹಿಡಿದು ಕೂತಿದೆ. ರೀಸ್ಟಾರ್ಟ್ ಮಾಡಿದರೆ ಸಾಮಾನ್ಯವಾಗಿ ಬಿಡುತ್ತದೆ. ಇಲ್ಲವಾದರೆ ಆ್ಯಂಟಿವೈರಸ್ ಅಥವಾ ಒನ್‌ಡ್ರೈವ್ ಸಿಂಕ್ ನೋಡಿ.

ಡಿಸ್ಕ್ ರೈಟ್ ಎರರ್‌ಗೆ ಮೊದಲ ಶಂಕೆ ಜಾಗದ ಕೊರತೆ. ಅಪ್‌ಡೇಟ್ 300 ಎಂಬಿ ಇದ್ದರೂ ಅದು 60 ಜಿಬಿಯ ಒಂದೇ ಪಾಕ್ ಫೈಲಿನೊಳಗಿನ ಬದಲಾವಣೆಯಾದರೆ, ಸ್ಟೀಮ್ ಹೊಸ ಫೈಲನ್ನು ಪಕ್ಕದಲ್ಲಿ ಕಟ್ಟಿ ಆಮೇಲೆ ಹಳೆಯದರ ಜಾಗಕ್ಕೆ ತರುತ್ತದೆ. ಅಷ್ಟು ಹೊತ್ತು 60 ಜಿಬಿ ಖಾಲಿ ಬೇಕು. ಜಾಗ ಇದ್ದೂ ಬಂದರೆ ಸ್ಟೀಮ್ ಸೆಟ್ಟಿಂಗ್ಸ್, ಸ್ಟೋರೇಜ್, ಮೂರು ಚುಕ್ಕಿ, ರಿಪೇರ್ ಫೋಲ್ಡರ್.

ಕರಪ್ಟ್ ಅಪ್‌ಡೇಟ್ ಫೈಲ್ಸ್ ಬಂದರೆ ಸ್ಟೀಮನ್ನು ಎಕ್ಸಿಟ್ ಮಾಡಿ, ಸ್ಟೀಮ್ ಲೈಬ್ರರಿ ಫೋಲ್ಡರ್‌ನ ಸ್ಟೀಮ್‌ಆ್ಯಪ್ಸ್ (steamapps) ಒಳಗಿನ ಡೌನ್‌ಲೋಡಿಂಗ್ ಮತ್ತು ಟೆಂಪ್ ಫೋಲ್ಡರ್‌ಗಳಲ್ಲಿರುವುದನ್ನು ಅಳಿಸಿ. ಅರ್ಧಕ್ಕೆ ನಿಂತ ಡೌನ್‌ಲೋಡ್ ಮೊದಲಿಂದ ಶುರುವಾಗುತ್ತದೆ, ಇನ್‌ಸ್ಟಾಲ್ ಆದ ಗೇಮ್‌ಗೆ ಏನೂ ಆಗದು. ಆಮೇಲೆ ಸೆಟ್ಟಿಂಗ್ಸ್‌ನ ಡೌನ್‌ಲೋಡ್ಸ್‌ನಲ್ಲಿ ಕ್ಲಿಯರ್ ಕ್ಯಾಶ್. ಇದನ್ನು ಮಾಡಿದರೆ ಮತ್ತೆ ಲಾಗಿನ್ ಕೇಳಬಹುದು, ಪಾಸ್‌ವರ್ಡ್ ನೆನಪಿದೆಯೇ ನೋಡಿಕೊಂಡು ಮಾಡಿ. ಅದಕ್ಕೂ ಬಗ್ಗದಿದ್ದರೆ ಡೌನ್‌ಲೋಡ್ ರೀಜನನ್ನು ಭಾರತದ ಬೇರೊಂದು ನಗರಕ್ಕೋ ಸಿಂಗಾಪುರಕ್ಕೋ ಬದಲಿಸಿ ನೋಡಿ.

ಗೇಮ್ ತೆರೆದಾಗಲೆಲ್ಲ ತಾನಾಗಿಯೇ ವ್ಯಾಲಿಡೇಟಿಂಗ್ ಶುರುವಾಗುತ್ತದೆ. ಯಾಕೆ?

ಗೇಮ್ ಅಥವಾ ಸ್ಟೀಮ್ ಸರಿಯಾಗಿ ಮುಚ್ಚದೆ ಕಂಪ್ಯೂಟರ್ ಆಫ್ ಆದರೆ, ಗೇಮ್‌ನ ಸ್ಥಿತಿ ಬರೆದಿಡುವ ಆ್ಯಪ್‌ಮ್ಯಾನಿಫೆಸ್ಟ್ ಫೈಲಿನಲ್ಲಿ ಕೆಲಸ ಅರ್ಧವಾಗಿದೆ ಎಂದೇ ಉಳಿಯಬಹುದು. ಕರೆಂಟ್ ಹೋಗುವ ಊರುಗಳಲ್ಲಿ, ಯುಪಿಎಸ್ ಇಲ್ಲದ ಡೆಸ್ಕ್‌ಟಾಪ್‌ಗಳಲ್ಲಿ ಇದು ಮಾಮೂಲು. ಒಮ್ಮೆ ವ್ಯಾಲಿಡೇಟ್ ಪೂರ್ತಿ ಮುಗಿಯಲು ಬಿಡಿ, ನಂತರ ಸ್ಟೀಮ್ ಮೆನುವಿನಿಂದ ಎಕ್ಸಿಟ್ ಕೊಟ್ಟು ಮುಚ್ಚಿ.

ಆದರೂ ಬಿಡದಿದ್ದರೆ: ಸ್ಟೀಮ್ ಮುಚ್ಚಿ. ಸ್ಟೀಮ್‌ಆ್ಯಪ್ಸ್ ಫೋಲ್ಡರ್‌ನಲ್ಲಿ ಆ್ಯಪ್‌ಮ್ಯಾನಿಫೆಸ್ಟ್ ಎಂದು ಶುರುವಾಗಿ ಗೇಮ್‌ನ ಆ್ಯಪ್ ಐಡಿ ಇರುವ ಫೈಲನ್ನು ಡೆಸ್ಕ್‌ಟಾಪ್‌ಗೆ ಸರಿಸಿ. ಗೇಮ್‌ನ ಸ್ಟೋರ್ ಪುಟದ ವಿಳಾಸದಲ್ಲಿ ಇರುವ ಅಂಕಿಯೇ ಆ್ಯಪ್ ಐಡಿ. ಕೌಂಟರ್ ಸ್ಟ್ರೈಕ್ 2ಕ್ಕೆ 730. ಸ್ಟೀಮ್ ತೆರೆದರೆ ಗೇಮ್ ಇನ್‌ಸ್ಟಾಲ್ ಆಗಿಲ್ಲ ಎನ್ನುತ್ತದೆ. ಇನ್‌ಸ್ಟಾಲ್ ಒತ್ತಿ, ಮೊದಲಿದ್ದ ಡ್ರೈವನ್ನೇ ಆರಿಸಿ. ಇರುವ ಫೈಲ್‌ಗಳನ್ನು ಕಂಡುಕೊಂಡು, ತಾಳೆ ನೋಡಿ, ಹೊಸ ಆ್ಯಪ್‌ಮ್ಯಾನಿಫೆಸ್ಟ್ ಬರೆದುಕೊಳ್ಳುತ್ತದೆ.

ಸ್ಟೀಮ್ ಡೆಕ್ ಅಥವಾ ಲಿನಕ್ಸ್‌ನಲ್ಲಿ "ಪ್ರೊಸೆಸಿಂಗ್ ವಲ್ಕನ್ ಶೇಡರ್ಸ್" ಎಂದು ಬರುವುದು ವೆರಿಫಿಕೇಶನ್ ಅಲ್ಲ. ಸ್ಕಿಪ್ ಮಾಡಬಹುದು.

ಎಲ್ಲ ಫೈಲ್ ಸರಿ ಅಂತ ಬಂದರೂ ಗೇಮ್ ತೆರೆಯುವುದಿಲ್ಲ.

ಎರರ್ ಏನು ಎನ್ನುತ್ತದೆ ಓದಿ. ವಿಸಿರನ್‌ಟೈಮ್140 ಅಥವಾ ಎಂಎಸ್‌ವಿಸಿಪಿ140 ಡಿಎಲ್ಎಲ್ ಇಲ್ಲ ಎಂದರೆ ಮೈಕ್ರೋಸಾಫ್ಟ್ ತಾಣದಿಂದ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಹಾಕಿ, ಎಕ್ಸ್64 ಮತ್ತು ಎಕ್ಸ್86 ಎರಡೂ. 64 ಬಿಟ್ ವಿಂಡೋಸ್‌ನಲ್ಲಿಯೂ 32 ಬಿಟ್ ಗೇಮ್‌ಗಳಿಗೆ ಎಕ್ಸ್86 ಬೇಕು. ಡಿಎಲ್ಎಲ್ ಒಂದನ್ನೇ ಕೊಡುವ ತಾಣಗಳಿಂದ ಫೈಲ್ ತಂದು ಹಾಕಬೇಡಿ. 0ಎಕ್ಸ್‌ಸಿ000007ಬಿ ಎಂಬ ಎರರ್ ಹೆಚ್ಚಾಗಿ ಹುಟ್ಟುವುದೇ 32 ಬಿಟ್, 64 ಬಿಟ್ ಡಿಎಲ್ಎಲ್‌ಗಳು ಹೀಗೆ ಕಲಸಿಹೋದಾಗ.

ಎರರ್ ಇಲ್ಲದೆ ಸುಮ್ಮನೆ ಮುಚ್ಚಿದರೆ ಗೇಮ್ ಫೋಲ್ಡರ್‌ನಲ್ಲಿ ಹೊರಗಿನಿಂದ ಬಂದ ಡಿಎಕ್ಸ್‌ಜಿಐ (dxgi), ಡಿಇನ್‌ಪುಟ್8 (dinput8), ವಿನ್‌ಎಂಎಂ (winmm) ಹೆಸರಿನ ಡಿಎಲ್ಎಲ್‌ಗಳಿವೆಯೇ ನೋಡಿ. ಮಾಡ್‌ಗಳು ಈ ಹೆಸರುಗಳಲ್ಲೇ ಕೂರುವುದು. ಮೊದಲೇ ಹೇಳಿದ ಹಾಗೆ ವೆರಿಫೈ ಅವನ್ನು ಬಿಟ್ಟುಬಿಡುತ್ತದೆ. ಅತ್ಯಂತ ಶುದ್ಧ ಪರೀಕ್ಷೆ ಬೇಕೆಂದರೆ ಗೇಮ್ ಫೋಲ್ಡರ್‌ನ ಹೆಸರು ಬದಲಿಸಿ, ಅದೇ ಹೆಸರಿನ ಖಾಲಿ ಫೋಲ್ಡರ್ ಮಾಡಿ ವೆರಿಫೈ ಕೊಡಿ. ಪೂರ್ತಿ ಗೇಮ್ ಹೊಸದಾಗಿ ಇಳಿಯುತ್ತದೆ, ಹಳೆಯ ಕಸ ಬರುವುದಿಲ್ಲ. ಡೇಟಾ ಮಿತಿ ನೋಡಿಕೊಂಡು ಮಾಡಿ.

ಈಸಿ ಆ್ಯಂಟಿಚೀಟ್ "ಅನ್‌ಟ್ರಸ್ಟೆಡ್ ಸಿಸ್ಟಮ್ ಫೈಲ್" ಎನ್ನುತ್ತದೆ.

ಈಸಿ ಆ್ಯಂಟಿಚೀಟ್ ಎಂದರೆ ಆನ್‌ಲೈನ್ ಗೇಮ್‌ಗಳಲ್ಲಿ ಮೋಸ ತಡೆಯುವ ತಂತ್ರಾಂಶ. ಇಲ್ಲಿ ದೂರು ಇರುವುದು ಗೇಮ್ ಫೈಲ್ ಮೇಲಲ್ಲ, ವಿಂಡೋಸ್‌ನ ಫೈಲ್ ಮೇಲೆ. ಅಡ್ಮಿನ್ ಕಮಾಂಡ್ ಪ್ರಾಂಪ್ಟ್‌ನಲ್ಲಿ ಮೊದಲು ಡಿಸ್ಮ್‌ನ ಆನ್‌ಲೈನ್, ಕ್ಲೀನಪ್ ಇಮೇಜ್, ರಿಸ್ಟೋರ್ ಹೆಲ್ತ್ ಕಮಾಂಡ್ (DISM /Online /Cleanup-Image /RestoreHealth), ಅದು ಮುಗಿದ ಮೇಲೆ ಎಸ್‌ಎಫ್‌ಸಿ ಸ್ಕ್ಯಾನ್‌ನೌ (sfc /scannow). ಈ ಕ್ರಮವೇ ಸರಿ, ಎಸ್‌ಎಫ್‌ಸಿ ಬದಲಿ ಫೈಲ್ ತರುವುದು ಡಿಸ್ಮ್ ಸರಿಪಡಿಸಿದ ಸಂಗ್ರಹದಿಂದ. ವಿಂಡೋಸ್‌ನ ಥೀಮ್ ಬದಲಿಸಲು ಸಿಸ್ಟಮ್ ಡಿಎಲ್ಎಲ್ ತಿದ್ದಿದ್ದರೆ ಅದೂ ಇದಕ್ಕೆ ಕಾರಣ.

ಆ್ಯಂಟಿಚೀಟ್ ಸರ್ವಿಸೇ ಕೆಟ್ಟಿದ್ದರೆ ಗೇಮ್ ಫೋಲ್ಡರ್‌ನಲ್ಲಿ ಈಸಿಆ್ಯಂಟಿಚೀಟ್ ಎಂಬ ಉಪಫೋಲ್ಡರ್ ಇರುತ್ತದೆ. ಅದರೊಳಗಿನ ಸೆಟಪ್ ಓಡಿಸಿ ರಿಪೇರ್ ಕೊಡಿ. ಬ್ಯಾಟಲ್‌ಐ ಎಂಬ ಇನ್ನೊಂದು ಆ್ಯಂಟಿಚೀಟ್ ಬಳಸುವ ಗೇಮ್‌ಗಳಲ್ಲಿ "ಕರಪ್ಟೆಡ್ ಡೇಟಾ" ಎಂದು ಹೊರಹಾಕಿದರೆ ವೆರಿಫೈ ಮಾಡಿ.

ಕೌಂಟರ್ ಸ್ಟ್ರೈಕ್ 2ರಲ್ಲಿ "ವ್ಯಾಕ್ ವಾಸ್ ಅನೇಬಲ್ ಟು ವೆರಿಫೈ" ಎಂದು ಮ್ಯಾಚ್ ಸಿಗುತ್ತಿಲ್ಲ. ಬ್ಯಾನ್ ಆಯಿತೇ?

ಇಲ್ಲ. ವ್ಯಾಕ್ ಎಂದರೆ ಸ್ಟೀಮ್‌ನದೇ ಆ್ಯಂಟಿಚೀಟ್. ಸ್ಟೀಮ್ ಮುಚ್ಚಿ, ವಿಂಡೋಸ್ ರೀಸ್ಟಾರ್ಟ್ ಮಾಡಿ, ಗೇಮ್ ವೆರಿಫೈ ಮಾಡಿ. ಇನ್ನೂ ಬಂದರೆ ಸ್ಟೀಮ್ ಫೋಲ್ಡರ್‌ನ ಬಿನ್ ಒಳಗಿನ ಸ್ಟೀಮ್‌ಸರ್ವಿಸ್ ಎಕ್ಸಿಯನ್ನು ಅಡ್ಮಿನ್ ಕಮಾಂಡ್ ಪ್ರಾಂಪ್ಟ್‌ನಿಂದ ಸ್ಲ್ಯಾಶ್ ರಿಪೇರ್ ಜೊತೆ ಓಡಿಸಿ (steamservice.exe /repair). ಡ್ರೈವರ್ ಪರೀಕ್ಷೆಗೆಂದು ಯಾವಾಗಲೋ ಟೆಸ್ಟ್ ಸೈನಿಂಗ್ ಅಥವಾ ಕರ್ನೆಲ್ ಡಿಬಗಿಂಗ್ ಆನ್ ಮಾಡಿದ್ದರೆ ಬಿಸಿಡಿ ಎಡಿಟ್ (bcdedit) ಕಮಾಂಡ್‌ನಿಂದ ಆಫ್ ಮಾಡಿ.

ಮಾಡ್ ಹಾಕಿದ್ದೇನೆ. ವೆರಿಫೈ ಮಾಡಿದರೆ ಹೋಗುತ್ತವೆಯೇ?

ಹೊಸದಾಗಿ ಸೇರಿಸಿದ ಫೈಲ್ ಹೋಗುವುದಿಲ್ಲ. ಮೂಲ ಫೈಲಿನ ಮೇಲೆಯೇ ಬರೆದಿದ್ದರೆ ಮೂಲ ವಾಪಸ್ ಬರುತ್ತದೆ. ಅರ್ಧ ಮಾಡ್ ಉಳಿದು ಅರ್ಧ ಹೋಗಿ ಗೇಮ್ ಇನ್ನಷ್ಟು ಕೆಡುವುದು ಹೀಗೆಯೇ. ವೋರ್ಟೆಕ್ಸ್ ಎಂಬ ಮಾಡ್ ಮ್ಯಾನೇಜರ್ ಬಳಸುವವರು ಮೊದಲು ಪರ್ಜ್ (ಮಾಡ್‌ಗಳನ್ನು ಗೇಮ್ ಫೋಲ್ಡರ್‌ನಿಂದ ತೆಗೆಯುವುದು) ಮಾಡಿ, ವೆರಿಫೈ ಮುಗಿಸಿ, ಆಮೇಲೆ ಡಿಪ್ಲಾಯ್ (ಮತ್ತೆ ಹಾಕುವುದು) ಮಾಡಿ.

ಸೇವ್ ಫೈಲ್ ಅಳಿಸಿಹೋಗುತ್ತದೆಯೇ?

ಸಾಮಾನ್ಯವಾಗಿ ಇಲ್ಲ. ಸೇವ್‌ಗಳು ಡಾಕ್ಯುಮೆಂಟ್ಸ್, ಆ್ಯಪ್‌ಡೇಟಾ ಅಥವಾ ಸ್ಟೀಮ್‌ನ ಯೂಸರ್‌ಡೇಟಾದಲ್ಲಿರುತ್ತವೆ. ಗೇಮ್ ಫೋಲ್ಡರ್‌ನಲ್ಲೇ ಇದ್ದರೂ ಮ್ಯಾನಿಫೆಸ್ಟಿನಲ್ಲಿ ಅವು ಇರುವುದಿಲ್ಲ. ಆದರೂ ಒಂದು ಕಾಪಿ ತೆಗೆದಿಡುವುದಕ್ಕೆ ಖರ್ಚೇನಿಲ್ಲ.

ಸ್ನೇಹಿತನ ಡಿಸ್ಕಿನಿಂದ ಕಾಪಿ ಮಾಡಿ ಡೇಟಾ ಉಳಿಸಬಹುದೇ?

ಗೇಮ್ ನಿಮ್ಮ ಖಾತೆಯಲ್ಲಿ ಇದ್ದರೆ ಖಂಡಿತ. ಅವರ ಸ್ಟೀಮ್‌ಆ್ಯಪ್ಸ್‌ನ ಕಾಮನ್ ಒಳಗಿನ ಗೇಮ್ ಫೋಲ್ಡರನ್ನು ನಿಮ್ಮ ಕಾಮನ್ ಒಳಗೆ ಅದೇ ಹೆಸರಿನಲ್ಲಿ ಹಾಕಿ, ಇನ್‌ಸ್ಟಾಲ್ ಒತ್ತಿ. ಹೊಂದದ ಭಾಗ ಮಾತ್ರ ಇಳಿಯುತ್ತದೆ. ಸ್ನೇಹಿತರು ಬೀಟಾ ಆವೃತ್ತಿಯಲ್ಲಿದ್ದರೆ ಲಾಭ ಕಡಿಮೆ.

ಬೇರೆ ಲಾಂಚರ್‌ಗಳಲ್ಲಿ ಈ ಆಯ್ಕೆ ಎಲ್ಲಿದೆ?

ಎಪಿಕ್: ಲೈಬ್ರರಿ, ಗೇಮ್ ಪಕ್ಕದ ಮೂರು ಚುಕ್ಕಿ, ಮ್ಯಾನೇಜ್, ವೆರಿಫೈ. ಗಾಗ್ ಗ್ಯಾಲಕ್ಸಿ: ಪ್ಲೇ ಪಕ್ಕದ ಚಿಹ್ನೆ, ಮ್ಯಾನೇಜ್ ಇನ್‌ಸ್ಟಲೇಶನ್, ವೆರಿಫೈ ಸ್ಲ್ಯಾಶ್ ರಿಪೇರ್. ಬ್ಯಾಟಲ್ ನೆಟ್: ಪ್ಲೇ ಪಕ್ಕದ ಗೇರ್, ಸ್ಕ್ಯಾನ್ ಅಂಡ್ ರಿಪೇರ್. ಇಎ ಆ್ಯಪ್‌ನಲ್ಲಿ ರಿಪೇರ್, ಯೂಬಿಸಾಫ್ಟ್ ಕನೆಕ್ಟ್‌ನಲ್ಲಿ ವೆರಿಫೈ ಫೈಲ್ಸ್, ಎಕ್ಸ್‌ಬಾಕ್ಸ್ ಆ್ಯಪ್‌ನಲ್ಲಿ ಮ್ಯಾನೇಜ್ ಒಳಗಿನ ಫೈಲ್ಸ್ ಟ್ಯಾಬ್. ಸ್ಟೀಮ್‌ನಲ್ಲಿ ಕೊಂಡ ಗೇಮ್ ಇಎ ಅಥವಾ ಯೂಬಿಸಾಫ್ಟ್ ಲಾಂಚರ್ ಮೂಲಕ ತೆರೆಯುವುದಾದರೆ ವೆರಿಫೈ ಮಾಡಬೇಕಾದ್ದು ಸ್ಟೀಮ್‌ನಲ್ಲೇ.

ಕ್ರ್ಯಾಕ್ ಮಾಡಿದ ಗೇಮ್‌ಗೆ ಪರಿಹಾರ?

ತಾಳೆ ನೋಡಲು ಪ್ರಕಾಶಕರ ಪಟ್ಟಿಯೇ ಇಲ್ಲ, ಎಕ್ಸಿ ಯಾರು ತಿದ್ದಿದ್ದಾರೆ ಎಂಬುದೂ ಗೊತ್ತಿಲ್ಲ. ಇಲ್ಲಿ ಆ ಪ್ರಶ್ನೆಗಳನ್ನು ತೆಗೆದುಕೊಳ್ಳುವುದಿಲ್ಲ.

ಸಪೋರ್ಟ್‌ಗೆ ಬರೆಯುವಾಗ ಏನು ಕಳಿಸಬೇಕು? ಹಣ ವಾಪಸ್ ಸಿಗುತ್ತದೆಯೇ?

ವಿಂಡೋಸ್ ಕೀ ಜೊತೆ ಆರ್ ಒತ್ತಿ ಡಿಎಕ್ಸ್‌ಡಯಾಗ್ (dxdiag) ಎಂದು ಹಾಕಿ, ಸೇವ್ ಆಲ್ ಇನ್ಫರ್ಮೇಶನ್ ಕೊಟ್ಟು ಬಂದ ಟೆಕ್ಸ್ಟ್ ಫೈಲ್, ಎರರ್‌ನ ಸ್ಕ್ರೀನ್‌ಶಾಟ್, ಮೂರು ಸಲ ವೆರಿಫೈ ಮಾಡಿದಾಗ ಫೇಲ್ ಆದ ಫೈಲ್‌ಗಳ ಹೆಸರು. ಕೊನೆಯದನ್ನು ಕಳಿಸಿದರೆ "ವೆರಿಫೈ ಮಾಡಿ ನೋಡಿ" ಎಂಬ ಸಿದ್ಧ ಉತ್ತರ ಒಂದು ಸುತ್ತು ತಪ್ಪುತ್ತದೆ.

ರೀಫಂಡ್‌ಗೆ ಸ್ಟೀಮ್‌ನ ನಿಯಮ: ಕೊಂಡು 14 ದಿನದೊಳಗೆ, ಆಡಿದ ಸಮಯ 2 ಗಂಟೆಗಿಂತ ಕಡಿಮೆ. ಲಾಂಚರ್ ಅಥವಾ ಎರರ್ ಪೆಟ್ಟಿಗೆ ತೆರೆದೇ ಇದ್ದು ಸ್ಟೀಮ್‌ನಲ್ಲಿ ಗೇಮ್ "ರನ್ನಿಂಗ್" ಎಂದು ತೋರಿಸುತ್ತಿದ್ದರೆ ಆ ಹೊತ್ತೂ ಲೆಕ್ಕಕ್ಕೆ ಸೇರುತ್ತದೆ. ಪ್ರತಿ ಪ್ರಯತ್ನದ ನಂತರ ಸ್ಟಾಪ್ ಒತ್ತಿ, ಒಂದೂವರೆ ಗಂಟೆ ದಾಟುವ ಮೊದಲೇ ಅರ್ಜಿ ಹಾಕಿ.